ಮೊದಲು ಅಹವಾಲು, ಆಮೇಲೆ ಖಾಲಿ

ಬೆಂಗಳೂರಿನಲ್ಲಿ ಬಾಡಿಗೆದಾರರನ್ನು ಎಬ್ಬಿಸಲು ಕೋರ್ಟೇ ಬೇಕೆಂದಿಲ್ಲ. ಎರಡು ದಿನ ಸಂಪಿನ ಮೋಟಾರ್ ಹಾಕದಿದ್ದರೆ ಸಾಕು. ಅದಕ್ಕೂ ಜಗ್ಗದಿದ್ದರೆ ಫ್ಯೂಸ್ ಕೀಳಬಹುದು. ಮನೆಮಂದಿ ಕೆಲಸಕ್ಕೆ ಹೋದಾಗ ಬಾಗಿಲಿಗೆ ಇನ್ನೊಂದು ಬೀಗ ಜಡಿಯಬಹುದು. ಠಾಣೆಗೆ ಹೋದರೆ ‘ಇದು ಸಿವಿಲ್ ಮ್ಯಾಟರ್, ಕೋರ್ಟಿಗೆ ಹೋಗಿ’ ಎಂಬ ಉತ್ತರ ತಯಾರಿರುತ್ತದೆ.

ಸುಪ್ರೀಂ ಕೋರ್ಟ್ ಹೇಳುವುದೇ ಬೇರೆ. ಹಕ್ಕುಪತ್ರವಿಲ್ಲದಿದ್ದರೂ ಒಂದು ಜಾಗದಲ್ಲಿ ನೆಲೆಯೂರಿದವರನ್ನು ಕಾನೂನಿನ ದಾರಿಯಲ್ಲೇ ಬಿಡಿಸಬೇಕು ಎಂದು ಕರ್ನಾಟಕದಿಂದಲೇ ಹೋದ ಪ್ರಕರಣವೊಂದರಲ್ಲಿ ಅದು 2003ರಲ್ಲಿ ತೀರ್ಪು ಕೊಟ್ಟಿದೆ. ಬಲವಂತವಾಗಿ ಹೊರದಬ್ಬಿಸಿಕೊಂಡವರು ಆರು ತಿಂಗಳೊಳಗೆ ದಾವೆ ಹೂಡಿ ಸ್ವಾಧೀನ ಮರಳಿ ಪಡೆಯಲು ನಿರ್ದಿಷ್ಟ ಪರಿಹಾರ ಕಾಯ್ದೆಯಲ್ಲಿ ಅವಕಾಶವಿದೆ. ಆದರೆ ಪಾತ್ರೆಪಗಡಗಳೊಂದಿಗೆ ಬೀದಿಗೆ ಬಿದ್ದವರು ಮೊದಲು ಹುಡುಕುವುದು ಇನ್ನೊಂದು ಸೂರನ್ನು, ವಕೀಲರನ್ನಲ್ಲ. ಅಹವಾಲು ಹೊರಹಾಕುವ ಮೊದಲೇ ಕೇಳಬೇಕಾದ್ದು. ಆಮೇಲೆ ಕೇಳಿ ಫಲವಿಲ್ಲ.

ಅದನ್ನು ಕೇಳಬೇಕಾದ ಕಾನೂನು ನಮ್ಮಲ್ಲಿದೆ, ಇದ್ದೂ ಇಲ್ಲದಂತಿದೆ. 1999ರ ಕರ್ನಾಟಕ ಬಾಡಿಗೆ ಕಾಯ್ದೆಯ ಪ್ರಕಾರ ಮಾಲೀಕರು ಮನೆ ಬಿಡಿಸಲು ಕಾರಣ ಕೊಟ್ಟು ರುಜುವಾತು ಮಾಡಬೇಕು. ನೀರು, ಕರೆಂಟು ಕಡಿಯುವಂತಿಲ್ಲ. ಆದರೆ ಬೆಂಗಳೂರಿನಲ್ಲಿ ತಿಂಗಳ ಬಾಡಿಗೆ 3,500 ರೂಪಾಯಿ ದಾಟಿದರೆ ಈ ಕಾಯ್ದೆ ಅನ್ವಯಿಸುವುದಿಲ್ಲ. ಇಂದು ಆ ದುಡ್ಡಿಗೆ ಒಂದು ಶೀಟಿನ ಮನೆಯೂ ಸಿಗುವುದು ಕಷ್ಟ. ಉಳಿದವರಿಗೆಲ್ಲ ಆಸ್ತಿ ವರ್ಗಾವಣೆ ಕಾಯ್ದೆಯೇ ಗತಿ: ಹದಿನೈದು ದಿನದ ನೋಟಿಸ್ ಕೊಟ್ಟರೆ ತಿಂಗಳ ಬಾಡಿಗೆಯ ಕರಾರು ಮುಗಿಯಿತು, ಕಾರಣ ಹೇಳಬೇಕಿಲ್ಲ. ಹೀಗೆ ಇಡೀ ನಗರದ ಬಾಡಿಗೆದಾರರನ್ನು ಸರ್ಕಾರ ಸದ್ದಿಲ್ಲದೆ ರಕ್ಷಣೆಯ ಆಚೆ ನಿಲ್ಲಿಸಿದೆ.

ಮಾಲೀಕರ ಸಂಕಟವೂ ಸುಳ್ಳಲ್ಲ. ಪಿಂಚಣಿಯಿಲ್ಲದೆ ಮೇಲಿನ ಮಹಡಿಯ ಬಾಡಿಗೆಯನ್ನೇ ನಂಬಿದ ವೃದ್ಧ ದಂಪತಿ ಎಲ್ಲ ಬಡಾವಣೆಯಲ್ಲೂ ಇದ್ದಾರೆ. ಬಾಡಿಗೆ ನಿಲ್ಲಿಸಿದವನು ವಾಯಿದೆ ಮೇಲೆ ವಾಯಿದೆ ಕೇಳುತ್ತ ವರ್ಷಗಟ್ಟಲೆ ಕೂತರೆ ಅವರು ಏನು ತಿನ್ನಬೇಕು? ಈ ವಿಳಂಬವನ್ನೇ ತೋರಿಸಿ ‘ಕೋರ್ಟ್ ಬೇಡ, ಆರ್ಬಿಟ್ರೇಷನ್ ಸಾಕು’ ಎನ್ನುವ ವಾದ ಹುಟ್ಟುತ್ತದೆ. ಬಾಡಿಗೆ ಕಾಯ್ದೆಯ ರಕ್ಷಣೆಯಿಲ್ಲದ ಬಾಡಿಗೆ ವ್ಯಾಜ್ಯಗಳನ್ನು ಆರ್ಬಿಟ್ರೇಷನ್‌ಗೆ ಒಯ್ಯಬಹುದು ಎಂದು 2020ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಹೇಳಿದ ಮೇಲೆ ಆ ವಾದಕ್ಕೆ ಬಲವೂ ಬಂದಿದೆ.

ಎರಡು ಕಂಪನಿಗಳ ನಡುವಿನ ಮಳಿಗೆ ಕರಾರಿಗೆ ಇದು ಸರಿ. ಆದರೆ ಹನ್ನೊಂದು ತಿಂಗಳ ಅಗ್ರಿಮೆಂಟನ್ನು ಬ್ರೋಕರ್ ಟೈಪ್ ಮಾಡಿಸಿ ತರುತ್ತಾನೆ. ಹತ್ತು ತಿಂಗಳ ಅಡ್ವಾನ್ಸ್ ಎಣಿಸಿಕೊಟ್ಟವರು ಅವನು ಬೆರಳಿಟ್ಟಲ್ಲೆಲ್ಲ ಸಹಿ ಹಾಕುತ್ತಾರೆ. ಅದರಲ್ಲೊಂದು ಆರ್ಬಿಟ್ರೇಷನ್ ಕಲಂ ನುಸುಳಿದ್ದರೆ ಅದನ್ನು ಸಮ್ಮತಿ ಎನ್ನಬೇಕೇ? ವ್ಯಾಜ್ಯದ ಫಲದಲ್ಲಿ ಸ್ವಹಿತ ಇರುವ ಪಕ್ಷ ತಾನೊಂದೇ ನಿಂತು ಏಕೈಕ ಆರ್ಬಿಟ್ರೇಟರನ್ನು ನೇಮಿಸುವಂತಿಲ್ಲ ಎಂಬುದು 2019ರ ತೀರ್ಪು. ‘ಓನರ್ ನೇಮಿಸಿದವರೇ ಅಂತಿಮ’ ಎಂದು ಬರೆಸುವವರಿಗೆ ಇದು ಗೊತ್ತಿರಲಿ. ಮೇಲಾಗಿ ಆರ್ಬಿಟ್ರೇಟರ್ ಫೀಸು ಕಕ್ಷಿದಾರರದೇ ಹೊರೆ. ತೀರ್ಪು ಬಂದ ಮೇಲೂ ಮನೆ ಬಿಡದವರನ್ನು ಬಿಡಿಸಲು ಅಮಲ್ಜಾರಿಗೆ ಮತ್ತೆ ಕೋರ್ಟಿಗೇ ಹೋಗಬೇಕು.

ಇದಕ್ಕಿಂತ ರಾಜಿ ಎಷ್ಟೋ ಮೇಲು. 2007ರಲ್ಲಿ ಶುರುವಾದ ಬೆಂಗಳೂರು ಮಧ್ಯಸ್ಥಿಕೆ ಕೇಂದ್ರ ಆ ದಾರಿಯನ್ನು ತೆರೆದಿಟ್ಟಿದೆ. ಮನೆ ಜಗಳದ ಗಂಟು ಹೆಚ್ಚಾಗಿ ಎರಡೇ ಕಡೆ ಬಿದ್ದಿರುತ್ತದೆ: ಖಾಲಿ ಮಾಡುವ ತಾರೀಖು ಮತ್ತು ಅಡ್ವಾನ್ಸ್. ಮಕ್ಕಳ ಪರೀಕ್ಷೆ ಮುಗಿಯುವ ಏಪ್ರಿಲ್‌ವರೆಗೆ ಸಮಯ, ಬಾಕಿ ಬಾಡಿಗೆ ಅಡ್ವಾನ್ಸ್‌ನಲ್ಲಿ ವಜಾ, ಪೇಂಟಿಂಗ್‌ಗೆಂದು ಇಷ್ಟೇ ಕಡಿತ, ಬೀಗದ ಕೈ ಕೊಡುವ ದಿನವೇ ಉಳಿದ ಹಣ ಎಂದು ಬರೆದು ಡಿಕ್ರಿ ಮಾಡಿಸಿದರೆ ಇಬ್ಬರಿಗೂ ಹಿಡಿತ ಸಿಗುತ್ತದೆ. ಮಾತಿಗೆ ತಪ್ಪಿದವರ ಮೇಲೆ ನೇರ ಅಮಲ್ಜಾರಿ. ಆದರೆ ನಲ್ಲಿ ಬಂದ್ ಮಾಡಿ ಒಪ್ಪಿಸಿಕೊಂಡದ್ದು ರಾಜಿಯಲ್ಲ. ಒಪ್ಪದವರಿಗೆ ನ್ಯಾಯಾಧೀಶರ ಮುಂದೆ ವಿಚಾರಣೆ ಖಾತ್ರಿಯಿದ್ದರೆ ಮಾತ್ರ ರಾಜಿಯ ಮೇಜಿನಲ್ಲಿ ಇಬ್ಬರೂ ಸಮಸಮ ಕೂರುತ್ತಾರೆ.

ಕೇಂದ್ರದ 2021ರ ಮಾದರಿ ಬಾಡಿಗೆ ಕಾಯ್ದೆ ವಾಸದ ಮನೆಯ ಅಡ್ವಾನ್ಸನ್ನು ಎರಡು ತಿಂಗಳಿಗೆ ಮಿತಿಗೊಳಿಸಿ, ಬಾಡಿಗೆ ನ್ಯಾಯಾಲಯಕ್ಕೆ 60 ದಿನಗಳ ಗಡುವು ಹಾಕುತ್ತದೆ. ಗಡುವನ್ನು ತೆಗೆದುಕೊಳ್ಳೋಣ, ಆ ಪೀಠದಲ್ಲಿ ಅಪರ ಜಿಲ್ಲಾಧಿಕಾರಿಯನ್ನು ಕೂರಿಸುವ ಏರ್ಪಾಡು ಬೇಡ. ಭೂಸ್ವಾಧೀನ, ಚುನಾವಣೆ, ನೆರೆ ಪರಿಹಾರಗಳ ನಡುವೆ ಬಿಡುವಾದಾಗ ನಡೆಯುವ ವಿಚಾರಣೆ ಯಾರಿಗೂ ಬೇಕಿಲ್ಲ.

ರಾಜ್ಯ ಸರ್ಕಾರ 3,500ರ ಗೆರೆಯನ್ನು ಅಳಿಸಲಿ. ಮನೆ ಬಿಡಿಸುವ ಪ್ರತಿ ಅರ್ಜಿಯೂ ಮೊದಲ ತಿಂಗಳು ಮಧ್ಯಸ್ಥಿಕೆಗೆ, ಅಲ್ಲಿ ಬಗೆಹರಿಯದಿದ್ದರೆ ನ್ಯಾಯಾಧೀಶರ ಮುಂದೆ ಹೋಗಲಿ. ಅಲ್ಲಿಯವರೆಗೆ ಬಾಡಿಗೆ ಕೋರ್ಟಿನಲ್ಲಿ ಠೇವಣಿಯಾಗುತ್ತಿರಲಿ, ಆಗ ವಾಯಿದೆ ಕೇಳುವ ಚಪಲವೂ ತಗ್ಗುತ್ತದೆ. ವಿಚಾರಣೆಗೆ ಮೊದಲೇ ಬೀಗ ಜಡಿದವರ ಮೇಲೆ ಪೊಲೀಸರು ಕೇಸು ದಾಖಲಿಸಲಿ. ಬೆದರಿಸಿ ಬೀದಿಗೆ ತಳ್ಳುವುದನ್ನು ‘ಸಿವಿಲ್ ಮ್ಯಾಟರ್’ ಎಂದು ಕೈತೊಳೆದುಕೊಳ್ಳುವ ಠಾಣೆ, ಆ ದಬ್ಬಾಳಿಕೆಯಲ್ಲಿ ಪಾಲುದಾರನೇ.