ಅದು ಗ್ರೀನ್‌ಲ್ಯಾಂಡ್ ಅಲ್ಲ

ಹಿಮದ ಮೇಲೆ ನಾಯಿಗಳು ಜಾರುಬಂಡಿ ಎಳೆಯುತ್ತಾ ಓಡಿಬರುತ್ತವೆ. ಜೊತೆಗೊಬ್ಬ ಮನುಷ್ಯ. ಪೀಟರ್ ಎಲ್ಫೆಲ್ಟ್ 1897ರಲ್ಲಿ ತೆಗೆದ, ನಿಮಿಷವೂ ಬಾರದ ಈ ತುಣುಕು ಡೆನ್ಮಾರ್ಕಿನ ಮೊದಲ ಚಲನಚಿತ್ರ. ಗ್ರೀನ್‌ಲ್ಯಾಂಡ್ ಕುರಿತ ಸಾಕ್ಷ್ಯಚಿತ್ರಕ್ಕೆ ಹಳೆಯ ದೃಶ್ಯ ಹುಡುಕುವ ಎಡಿಟರ್ ಕಣ್ಣಿಗೆ ಬಿದ್ದರೆ ಕೂಡಲೇ ಎತ್ತಿಕೊಳ್ಳುತ್ತಾನೆ. ನಾಯಿಗಳೇನೋ ಗ್ರೀನ್‌ಲ್ಯಾಂಡಿನವೇ. ಆದರೆ ಚಿತ್ರೀಕರಣ ನಡೆದದ್ದು ಕೋಪನ್‌ಹೇಗನ್ನಿನ ಬಯಲಿನಲ್ಲಿ!

ಇದನ್ನು ಹೇಳಿ ಎಡಿಟರ್‌ನ ಉತ್ಸಾಹಕ್ಕೆ ತಣ್ಣೀರೆರಚುವುದೇ ಡ್ಯಾನಿಶ್ ಫುಟೇಜ್ ತಜ್ಞರ ಕಸುಬು. ಸಿನಿಮಾ, ಟಿ.ವಿ. ಸಂಗ್ರಹಗಳಲ್ಲಿ ದೃಶ್ಯ ಹುಡುಕುವುದು ಅರ್ಧ ಕೆಲಸ. ಯಾರು ತೆಗೆದರು, ಯಾವಾಗ, ಎಲ್ಲಿ, ಹಕ್ಕು ಯಾರದು ಎಂದು ಜಾಲಾಡುವುದು ಉಳಿದರ್ಧ. ಸೆಕೆಂಡಿನ ಲೆಕ್ಕದಲ್ಲಿ ದರ ಚೌಕಾಸಿ ಮಾಡುವುದೂ ಇವರ ಪಾಲಿಗೇ. ತೆರೆಯ ಮೇಲೆ ಹೆಸರು ಬರುವಷ್ಟರಲ್ಲಿ ಪ್ರೇಕ್ಷಕರು ಎದ್ದು ಹೋಗಿರುತ್ತಾರೆ.

ಡೆನ್ಮಾರ್ಕಿನಲ್ಲಿ ಈ ಎಚ್ಚರ ತುಸು ಹೆಚ್ಚೇ ಬೇಕು. ನಾರ್ಡಿಸ್ಕ್ ಚಲನಚಿತ್ರ ಕಂಪನಿಯ ಓಲೆ ಓಲ್ಸೆನ್ 1907ರಲ್ಲಿ ಸಿಂಹದ ಬೇಟೆಯ ಚಿತ್ರ ಮಾಡಿದ. ಹ್ಯಾಂಬರ್ಗಿನಿಂದ ಎರಡು ಸಿಂಹ ಖರೀದಿಸಿ, ರೋಸ್ಕಿಲ್ಡೆ ಬಳಿಯ ಎಲ್ಲೆಓರೆ ಎಂಬ ಪುಟ್ಟ ದ್ವೀಪಕ್ಕೆ ಸಾಗಿಸಿ, ಅಲ್ಲೇ ಗುಂಡಿಕ್ಕಿ ಕೊಲ್ಲಿಸಿದ. ಮಿಕ್ಕ ಕಾಡುಪ್ರಾಣಿಗಳ ದೃಶ್ಯಗಳು ಕೋಪನ್‌ಹೇಗನ್ ಮೃಗಾಲಯದವು. ನ್ಯಾಯಮಂತ್ರಿ ಆಲ್ಬರ್ಟಿ ಚಿತ್ರವನ್ನು ನಿಷೇಧಿಸಿದ. ನಿಷೇಧದ ಸುದ್ದಿಯೇ ಪ್ರಚಾರವಾಗಿ ಚಿತ್ರದ 259 ಪ್ರತಿಗಳು ಮಾರಾಟವಾದವು. ಆಫ್ರಿಕಾದ ಬೇಟೆ ಎಂದು ಇವತ್ತು ಯಾರಾದರೂ ಅದರ ತುಣುಕನ್ನು ಅಂಟಿಸಿದರೆ, ತಡೆಯಲು ಗೊತ್ತಿರುವವರೊಬ್ಬರು ಅಲ್ಲಿರಬೇಕು.

ಸರಿಯಾಗಿ ಬಳಸಿದರೆ ಹಳೆಯ ದೃಶ್ಯಕ್ಕೆ ಎಂಥ ಬಲವಿದೆ ಎಂಬುದಕ್ಕೆ ಯೋನಾಸ್ ಪೊಹೆರ್ ರಾಸ್ಮುಸೆನ್ ಅವರ 2021ರ ‘ಫ್ಲೀ’ ನೋಡಬೇಕು. ಕಾಬೂಲ್ ಬಿಟ್ಟು ಓಡಿದ ನಿರಾಶ್ರಿತನ ಗುರುತು ಮರೆಮಾಚಲು ಕಥೆಯನ್ನು ಅನಿಮೇಶನ್‌ನಲ್ಲಿ ಹೇಳಿದ್ದಾರೆ. ನಡುನಡುವೆ ನಿಜವಾದ ಸುದ್ದಿದೃಶ್ಯಗಳು ಬಂದು ಹೋಗುತ್ತವೆ. ಇಷ್ಟು ಹೊತ್ತು ನೋಡಿದ್ದು ಬರೀ ಬೊಂಬೆಯಾಟವಲ್ಲ ಎಂದು ಆಗ ಮೈ ಜುಮ್ಮೆನ್ನುತ್ತದೆ. ಅನಿಮೇಶನ್, ಸಾಕ್ಷ್ಯಚಿತ್ರ, ಅಂತರರಾಷ್ಟ್ರೀಯ ಚಿತ್ರ ಮೂರೂ ವಿಭಾಗಗಳಲ್ಲಿ ಅದು ಆಸ್ಕರ್‌ಗೆ ನಾಮನಿರ್ದೇಶನಗೊಂಡಿತ್ತು. ಆ ಸುದ್ದಿದೃಶ್ಯಗಳಲ್ಲಿ ಒಂದು ಬೇರೆ ಊರಿನದೋ ಬೇರೆ ಕಾಲದ್ದೋ ಆಗಿದ್ದರೆ, ಆ ಮನುಷ್ಯನ ಮಾತನ್ನೇ ಅನುಮಾನಿಸುವವರಿಗೆ ಹಬ್ಬವಾಗುತ್ತಿತ್ತು.

ಈಗ ಕೃತಕ ಬುದ್ಧಿಮತ್ತೆ ಕೇಳಿದ ಕಾಲದ, ಕೇಳಿದ ಊರಿನ ‘ಹಳೆಯ ರೀಲು’ ಹೊಸೆದು ಕೊಡುತ್ತದೆ. ಹಕ್ಕುದಾರರನ್ನು ಹುಡುಕಬೇಕಿಲ್ಲ, ದರವೂ ಕಡಿಮೆ. ನಿರ್ಮಾಪಕರಿಗೆ ಆಸೆಯಾಗದೆ ಇದ್ದೀತೆ? ದೃಶ್ಯ ಸಂಗ್ರಹದ ಕೆಲಸ ಮಾಡುವವರ ‘ಆರ್ಕೈವಲ್ ಪ್ರೊಡ್ಯೂಸರ್ಸ್ ಅಲಯನ್ಸ್’ 2024ರಲ್ಲಿ ಇದಕ್ಕೆ ಮಾರ್ಗಸೂಚಿ ಪ್ರಕಟಿಸಿತು: ಅಂಥ ದೃಶ್ಯ ಬಳಸಿದರೆ ಪ್ರೇಕ್ಷಕರಿಂದ ಮುಚ್ಚಿಡಬೇಡಿ. ಒಳ್ಳೆಯದೇ, ಆದರೆ ಸಾಲದು. ಎಡಿಟಿಂಗ್ ಮುಗಿಯುವ ಹೊತ್ತಿಗೆ ಫುಟೇಜ್ ತಜ್ಞರನ್ನು ಕರೆದು ಬರೀ ಹಕ್ಕುಪತ್ರ ತರಿಸಿಕೊಳ್ಳುವ ರೂಢಿ ಮೊದಲು ಹೋಗಬೇಕು. ಚಿತ್ರಕಥೆ ಬರೆಯುವಾಗಲೇ ಅವರಿಗೊಂದು ಕುರ್ಚಿ ಹಾಕಬೇಕು, ಸಂಬಳದ ಜೊತೆಗೆ ‘ಈ ಶಾಟ್ ಬೇಡ’ ಎನ್ನುವ ಅಧಿಕಾರವನ್ನೂ ಕೊಡಬೇಕು.