ಯಾರು ಬೇಕಾದರೂ ಮಾಡಬಹುದಿತ್ತೆ?

ಕಳೆದ ಬೇಸಿಗೆಯಲ್ಲಿ ನೆಂಟರ ಮನೆಯ ಮದುವೆಗೆಂದು ಚನ್ನಗಿರಿ ತಾಲ್ಲೂಕಿನ ಕೆರೆಬಿಳಚಿಗೆ ಹೋಗಿದ್ದೆ. ಊಟ ಮುಗಿಸಿ ಜಗಲಿಯ ಮೇಲೆ ಎಲೆಯಡಿಕೆ ಮೆಲ್ಲುತ್ತ ಕುಳಿತಿದ್ದಾಗ ಮನೆಯ ಹುಡುಗನೊಬ್ಬ ಮೊಬೈಲಿನಲ್ಲಿ ‘ಓಂ’ ಚಿತ್ರ ನೋಡುತ್ತಿದ್ದ. ಅದು 1995ರ ಚಿತ್ರ. ಅವನು ಹುಟ್ಟುವುದಕ್ಕೆ ಎಷ್ಟೋ ವರ್ಷ ಮೊದಲಿನದು.

“ಯಾರದಪ್ಪಾ ಈ ಚಿತ್ರ?” ಎಂದೆ.

“ಶಿವಣ್ಣಂದು” ಎಂದ. ಪಕ್ಕದಲ್ಲಿದ್ದ ಅವನ ಚಿಕ್ಕಪ್ಪ, “ಉಪೇಂದ್ರಂದು ಅನ್ನು” ಎಂದು ತಿದ್ದಿದರು. ಇಬ್ಬರದೂ ಸರಿಯೆ. ನಿರ್ಮಿಸಿದವರು ಯಾರೆಂದು ಕೇಳಿದರೆ ಇಬ್ಬರೂ ಮುಖ ಮುಖ ನೋಡಿಕೊಂಡರು. ಪಾರ್ವತಮ್ಮ ರಾಜಕುಮಾರ್ ಎಂದು ನಾನೇ ಹೇಳಬೇಕಾಯಿತು.

“ಓ, ಅವರಾ! ಅವರಿಗೇನು ಬಿಡಿ. ಅಂಥಾ ಗಂಡ, ಅಂಥಾ ಹೆಸರು. ಯಾರು ಬೇಕಾದರೂ ಮಾಡಬಹುದಿತ್ತು” ಎಂದರು ಚಿಕ್ಕಪ್ಪ.

ಹಳ್ಳಿಯವರೊಬ್ಬರ ಮಾತೆಂದು ನಗರದ ವಾಚಕರು ನಗಬಾರದು. 2017ರ ಮೇ 31ರಂದು ಪಾರ್ವತಮ್ಮನವರು ತೀರಿಕೊಂಡಾಗ ನಮ್ಮ ನಡುವಿನ ವಿದ್ಯಾವಂತರ ಬಾಯಲ್ಲಿ ನಾನು ಕೇಳಿದ್ದೂ ಇದೇ ರಾಗ. ತಾಳ ಮಾತ್ರ ಬೇರೆ. ಆದರ್ಶ ಸತಿ ಎಂದರು, ಮಹಾತಾಯಿ ಎಂದರು. ಅವೆಲ್ಲ ನಿಜವೇ ಇರಬಹುದು. ಆದರೆ ಸುಮಾರು 80 ಚಿತ್ರಗಳನ್ನು ನಿರ್ಮಿಸಿದ ಗಂಡಸೊಬ್ಬ ಕಣ್ಣು ಮುಚ್ಚಿದ್ದರೆ, ‘ಒಳ್ಳೆಯ ಗಂಡ’ ಎಂದಷ್ಟೇ ಹೊಗಳಿ ನಾವು ಸುಮ್ಮನಾಗುತ್ತಿದ್ದೆವೆ?

ಅವರ ಮೊದಲ ನಿರ್ಮಾಣ ‘ತ್ರಿಮೂರ್ತಿ’ ಬಂದದ್ದು 1975ರಲ್ಲಿ. ಅಷ್ಟು ಹೊತ್ತಿಗೆ ‘ಬೇಡರ ಕಣ್ಣಪ್ಪ’ ತೆರೆಕಂಡು 21 ವರ್ಷವಾಗಿತ್ತು. ಅಲ್ಲಿಯವರೆಗೂ ರಾಜಕುಮಾರರನ್ನು ನಾಯಕನನ್ನಾಗಿಟ್ಟು ಚಿತ್ರ ತೆಗೆದವರು ಬೇರೆ ಬೇರೆ ನಿರ್ಮಾಪಕರು. ಅದೇ ನಾಯಕ, ಅದೇ ಹೆಸರು ಅವರಿಗೂ ಇತ್ತಷ್ಟೆ? ಹೆಸರೊಂದರಿಂದಲೇ ಎಲ್ಲವೂ ಆಗುವುದಾದರೆ ಅವರೆಲ್ಲರೂ ನಾಲ್ಕು ದಶಕ ಬಾಳುವ ಸಂಸ್ಥೆಗಳನ್ನು ಕಟ್ಟಬೇಕಾಗಿತ್ತು.

ಇನ್ನು ಧೈರ್ಯದ ಮಾತು. ‘ಓಂ’ ಚಿತ್ರವನ್ನು ಕೈಗೆ ಕೊಟ್ಟಾಗ ಉಪೇಂದ್ರ ಎರಡೇ ಚಿತ್ರ ನಿರ್ದೇಶಿಸಿದ್ದ ತರುಣ. ಮಗ ನಾಯಕ, ಕಥೆ ಭೂಗತ ಲೋಕದ್ದು. ಹೆತ್ತ ತಾಯಿ ಸುಲಭವಾಗಿ ಒಪ್ಪುವಂಥದ್ದಲ್ಲ. ಮರುವರ್ಷವೇ ‘ಜನುಮದ ಜೋಡಿ’. ಪನ್ನಾಲಾಲ್ ಪಟೇಲರ ಗುಜರಾತಿ ಕಾದಂಬರಿ, ಹೊಸ ಪಂಥದ ಚಿತ್ರಗಳಿಂದ ಹೆಸರಾದ ನಾಗಾಭರಣರ ನಿರ್ದೇಶನ, ಹಳ್ಳಿಯ ಹಾಡು. ಒಂದೇ ಕೈ ಒಂದರ ಹಿಂದೊಂದು ಇಂಥ ಎರಡು ತೂಕದ ಚಿತ್ರಗಳನ್ನು ಎತ್ತಿತು. ಎರಡನ್ನೂ ಜನ ಮುಗಿಬಿದ್ದು ನೋಡಿದರು. ಸುಧಾರಾಣಿ, ಮಾಲಾಶ್ರೀ, ಪ್ರೇಮಾ, ರಕ್ಷಿತಾ, ರಮ್ಯಾ ಕನ್ನಡದಲ್ಲಿ ನಾಯಕಿಯರಾಗಿ ಮೊದಲು ಕಾಣಿಸಿಕೊಂಡದ್ದು ಇದೇ ಮನೆಯ ಬಾಗಿಲಿನಿಂದ. ಒಂದು ಸಲವಾದರೆ ಅದೃಷ್ಟ ಎನ್ನೋಣ. ಐದು ಸಲವೂ ಅದೃಷ್ಟವೆ?

ಆಕ್ಷೇಪಣೆ ಇಲ್ಲವೆಂದಲ್ಲ. ಅವರ ಎಲ್ಲ ಚಿತ್ರಗಳೂ ಉತ್ತಮವೆಂದು ನಾನು ವಾದಿಸುವುದಿಲ್ಲ. ಮೂವರು ಮಕ್ಕಳೂ ನಾಯಕರಾದರು. ಒಂದೇ ಮನೆಯಲ್ಲಿ ಇಷ್ಟು ಬಲ ಸೇರಿದರೆ ಹೊರಗಿನವನಿಗೆ ಬಾಗಿಲು ಕಿರಿದಾಗುತ್ತದೆ ಎಂಬ ದೂರಿನಲ್ಲಿ ಹುರುಳಿದೆ. ಆದರೆ ತಕ್ಕಡಿ ಎಲ್ಲರಿಗೂ ಒಂದೇ ಇರಲಿ. ಬಿ. ಆರ್. ಪಂತುಲು ತಾವೇ ಹಣ ಹಾಕಿ, ತಾವೇ ನಿರ್ದೇಶಿಸಿ, 1958ರ ‘ಸ್ಕೂಲ್ ಮಾಸ್ಟರ್’ ಚಿತ್ರದಲ್ಲಿ ತಾವೇ ಮೇಷ್ಟರಾದರು. ಅದನ್ನು ಸಾಹಸ ಎನ್ನುತ್ತೇವೆ, ಸರಿಯಾಗಿಯೇ ಎನ್ನುತ್ತೇವೆ. ಮಹಾತ್ಮ ಪಿಕ್ಚರ್ಸ್‌ನ ಶಂಕರಸಿಂಗರ ಮಗ ರಾಜೇಂದ್ರಸಿಂಗ್ ಬಾಬು ನಿರ್ದೇಶಕರಾದರೆ ಅದು ಕಲಾಪರಂಪರೆ. ತಾಯಿ ಮಗನಿಗೆ ಚಿತ್ರ ತೆಗೆದರೆ ಮಾತ್ರ ಮನೆವಾರ್ತೆ! 1943ರಲ್ಲಿಯೇ ‘ರಾಧಾರಮಣ’ ನಿರ್ಮಿಸಿದ ಎಂ. ವಿ. ರಾಜಮ್ಮನವರನ್ನು ಇಂದು ನಟಿಯೆಂದು ನೆನೆಯುವವರು ಉಂಟು. ನಿರ್ಮಾಪಕಿಯೆಂದು ನೆನೆಯುವವರು ಎಷ್ಟು ಮಂದಿ?

ಜಗಲಿಯ ಮಾತಿಗೆ ಮರಳುತ್ತೇನೆ. ಆ ಚಿಕ್ಕಪ್ಪ ಅಡಿಕೆ ತೋಟ ಖೇಣಿ ಹಿಡಿಯುವವರು. ಫಸಲು ಮರದ ಮೇಲಿರುವಾಗಲೇ ಕಣ್ಣಳತೆಯಲ್ಲಿ ಅಂದಾಜು ಕಟ್ಟಿ, ಮುಂಗಡ ಎಣಿಸಿ, ಆಳು ಹಿಡಿದು ಕೊಯ್ಯಿಸಿ, ಸುಲಿಸಿ, ಬೇಯಿಸಿ, ಒಣಗಿಸಿ ಮಾರಬೇಕು. ನಡುವೆ ಮಳೆ ಹಿಡಿದರೆ, ಧಾರಣೆ ಬಿದ್ದರೆ, ಪೆಟ್ಟು ಖೇಣಿದಾರನಿಗೆ. ಚಿತ್ರ ನಿರ್ಮಾಪಕನ ಪಾಡೂ ಇದೇ. ಇನ್ನೂ ಹುಟ್ಟದ ಚಿತ್ರಕ್ಕೆ ಕಥೆ ಕೊಂಡು, ನಟರಿಗೆ ಮುಂಗಡ ಕೊಟ್ಟು, ಸಾಲಕ್ಕೆ ಬಡ್ಡಿ ಕಟ್ಟಿ, ಹಂಚಿಕೆದಾರನ ಬಾಗಿಲು ಕಾದು, ಕಡೆಗೆ ಒಂದು ಶುಕ್ರವಾರ ಜನದ ತೀರ್ಪಿಗೆ ಕೈಕಟ್ಟಿ ನಿಲ್ಲಬೇಕು.

ನಾನು ಅವರನ್ನು ಕೇಳಿದೆ: “ಈ ವರ್ಷ ನಿಮಗೆ ನಾಲ್ಕು ಕಾಸು ಉಳಿಯಿತೆನ್ನಿ. ಮರ ಬಿಟ್ಟಿತು, ಮಳೆ ಕೊಟ್ಟಿತು, ಯಾರು ಬೇಕಾದರೂ ಮಾಡಬಹುದಿತ್ತು ಎಂದು ನಾನೆಂದರೆ?”

“ಹಂಗಂದರೆ ಸುಮ್ಮನೆ ಬಿಡ್ತೀನೇನ್ರಿ?” ಎಂದರು, ನಗುತ್ತಲೇ. ಸ್ವಲ್ಪ ಹೊತ್ತು ಸುಮ್ಮನಿದ್ದು, “ಅದೂ ಖೇಣಿನೇ ಅನ್ನಿ ಹಂಗಾದ್ರೆ” ಎಂದರು.

ಖೇಣಿಯೇ. ಖೇಣಿದಾರನ ಬೆವರಿಗೆ ನಾವು ಕೊಡುವ ಬೆಲೆ ಆ ಹೆಂಗಸಿಗೂ ಸಲ್ಲಬೇಕು. ರಾಜಕುಮಾರರ ಹೆಂಡತಿ ಎಂದು ಅವರನ್ನು ಧಾರಾಳವಾಗಿ ನೆನೆಯಿರಿ, ಬೇಡವೆನ್ನುವುದಿಲ್ಲ. ಕನ್ನಡ ಚಿತ್ರರಂಗದ ಚರಿತ್ರೆ ಬರೆಯಲು ಕುಳಿತಾಗ ಮಾತ್ರ ಅವರನ್ನು ಪತ್ನಿಯರ ಅಧ್ಯಾಯದಿಂದ ತೆಗೆದು ನಿರ್ಮಾಪಕರ ಅಧ್ಯಾಯದಲ್ಲಿ ಕೂರಿಸಿ. ಅಲ್ಲಿ ಅವರ ಸೋಲನ್ನೂ ಗೆಲುವನ್ನೂ ಉಳಿದ ನಿರ್ಮಾಪಕರದರ ಹಾಗೆಯೇ ತೂಗಿ ನೋಡಿ.