ಕಾಗದವಿಲ್ಲದವರ ಕಾಡು

ಪಟ್ಟಣದಲ್ಲಿ ಒಂದು ನಿವೇಶನ ಕೊಳ್ಳಬೇಕಾದರೆ ನಾವು ಕ್ರಯಪತ್ರ, ಖಾತೆ, ಕಂದಾಯದ ರಸೀತಿಗಳನ್ನು ಹತ್ತು ಸಲ ತಿರುವಿಹಾಕುತ್ತೇವೆ. ಆ ಅಭ್ಯಾಸದಿಂದಲೇ ಇರಬೇಕು, ಕಾಡಿನ ಜನರ ಭೂಮಿಯ ಮಾತು ಬಂದೊಡನೆ ನಮ್ಮಲ್ಲಿ ಅನೇಕರು ಕೇಳುವುದು ಒಂದೇ ಪ್ರಶ್ನೆ: "ದಾಖಲೆ ಎಲ್ಲಿದೆ?"

ದಾಖಲೆ ಕೊಡಬೇಕಾಗಿದ್ದವರು ಯಾರೆಂದು ಮಾತ್ರ ಯಾರೂ ಕೇಳುವುದಿಲ್ಲ. ಆಂಗ್ಲರ ಸರ್ಕಾರ ಕಾಡನ್ನು ಅಳೆದು ತನ್ನದೆಂದು ಬರೆದುಕೊಂಡಿತು. ಒಳಗಿದ್ದವರಲ್ಲಿ ಬಹುಮಂದಿಯ ಹಕ್ಕನ್ನು ಬರೆಯಲಿಲ್ಲ. ಸ್ವತಂತ್ರ ಭಾರತವೂ ಅದನ್ನೇ ಮುಂದುವರಿಸಿತು. ಬರೆಯಬೇಕಾದವರು ಬರೆಯದೆ ಬಿಟ್ಟು, ಈಗ ಕಾಗದವಿಲ್ಲದವನನ್ನು ಅತಿಕ್ರಮಣಕಾರನೆನ್ನುವುದು ಯಾವ ನ್ಯಾಯ?

ಈ ತಪ್ಪನ್ನು ಸಂಸತ್ತೇ ಒಪ್ಪಿಕೊಂಡಿದೆ. 2006ರ ಅರಣ್ಯ ಹಕ್ಕು ಕಾಯಿದೆ ತನ್ನ ಪೀಠಿಕೆಯಲ್ಲಿಯೇ ಇದನ್ನು ಚಾರಿತ್ರಿಕ ಅನ್ಯಾಯವೆಂದು ಕರೆದಿದೆ. ಅದರ ನಿಯಮಗಳಂತೆ ಹಿರಿಯರ ಹೇಳಿಕೆಯೂ ಸಾಕ್ಷಿ. ಬಾವಿ, ಸ್ಮಶಾನ, ದೇವರ ತಾಣಗಳೂ ಸಾಕ್ಷಿ. ಕೋರಿಕೆಯನ್ನು ಮೊದಲು ವಿಚಾರಿಸತಕ್ಕದ್ದು ಗ್ರಾಮಸಭೆ.

ನಮ್ಮ ಬಿಳಿಗಿರಿರಂಗನ ಬೆಟ್ಟವನ್ನೇ ನೋಡಿ. ಅಲ್ಲಿಯ ಸೋಲಿಗರು ರಂಗನಾಥನನ್ನು ಭಾವನೆನ್ನುತ್ತಾರೆ, ದೊಡ್ಡ ಸಂಪಿಗೆ ಮರವನ್ನು ಪೂಜಿಸುತ್ತಾರೆ. 1974ರಲ್ಲಿ ಬೆಟ್ಟ ಅಭಯಾರಣ್ಯವಾಯಿತು. ಕಾಡಿನೊಳಗಿನ ಪೋಡುಗಳಿಂದ ಅವರನ್ನು ಎಬ್ಬಿಸಿದರು. 2011ರಲ್ಲಿ ಅದೇ ಬೆಟ್ಟ ಹುಲಿ ಸಂರಕ್ಷಿತ ಪ್ರದೇಶವಾಯಿತು. ಆದರೆ ಅದೇ ವರ್ಷ 25 ಗ್ರಾಮಸಭೆಗಳಿಗೆ ಸಮುದಾಯ ಹಕ್ಕುಪತ್ರವೂ ದೊರೆಯಿತು. ಹುಲಿಗೂ ಸೋಲಿಗರಿಗೂ ಒಂದೇ ಕಾಡಿನಲ್ಲಿ ಎಡೆಯುಂಟೆಂದು ಕಾನೂನೇ ಹೇಳಿದಂತಾಯಿತು.

"ಹಕ್ಕು ಕೊಟ್ಟರೆ ಕಾಡು ಹಂಚಿಹೋಗುತ್ತದೆ" ಎನ್ನುವ ಮಹನೀಯರು ಕಾಯಿದೆಯನ್ನು ಓದಿದ್ದಾರೆಯೇ? ಸಾಗುವಳಿಯ ಹಕ್ಕು 4 ಹೆಕ್ಟೇರನ್ನು ಮೀರುವಂತಿಲ್ಲ. ಅದು ಮಕ್ಕಳಿಗೆ ಬರಬಹುದು, ಮಾರುವಂತಿಲ್ಲ. 2005ರ ಡಿಸೆಂಬರ್ 13ರ ಅನಂತರ ಕಾಡು ಕಡಿದು ನೆಲೆಸಿದವನಿಗೆ ಅದರಲ್ಲಿ ಹಕ್ಕಿಲ್ಲ. ಸುಳ್ಳು ಕೋರಿಕೆಗಳೂ ಇದ್ದಾವು, ಅವನ್ನು ತಳ್ಳಿಹಾಕಲಿ. ಆದರೆ ವಿಚಾರಣೆ ನಡೆಸಿ ತಳ್ಳಿಹಾಕಲಿ.

2019ರ ಫೆಬ್ರವರಿ 13ರಂದು ಸುಪ್ರೀಂ ಕೋರ್ಟು, ಕೋರಿಕೆ ತಿರಸ್ಕೃತವಾದವರನ್ನು ಒಕ್ಕಲೆಬ್ಬಿಸುವಂತೆ ರಾಜ್ಯಗಳಿಗೆ ಆಜ್ಞೆ ಮಾಡಿತು. ತಿರಸ್ಕಾರದಲ್ಲಿ ಕ್ರಮವನ್ನು ಪಾಲಿಸಲಾಗಿದೆಯೇ ಎಂಬುದನ್ನು ನೋಡಬೇಕೆಂದು ಕೇಂದ್ರ ಸರ್ಕಾರವೇ ಕೇಳಿಕೊಂಡ ಮೇಲೆ, ಅದೇ 28ರಂದು ಆಜ್ಞೆಗೆ ತಡೆ ಬಂತು. ಆ 15 ದಿನ ಲಕ್ಷಗಟ್ಟಲೆ ಸಂಸಾರಗಳ ಮನೆ ಒಂದು ಕಾಗದದ ಮೇಲೆ ತೂಗಾಡಿತು.

ನಮ್ಮ ಖಾತೆಯಲ್ಲಿ ಒಂದಕ್ಷರ ತಪ್ಪಿದರೆ ಕಚೇರಿಯಿಂದ ಕಚೇರಿಗೆ ಅಲೆದು ತಿದ್ದಿಸುತ್ತೇವೆ. ಖಾತೆಯೇ ಇಲ್ಲದವನ ಪರವಾಗಿ ಅವನ ಅಜ್ಜನ ಸಮಾಧಿ ಮಾತನಾಡಬಹುದೆಂದು ಕಾನೂನು ಹೇಳಿದೆ. ಅದನ್ನು ಹೋಗಿ ನೋಡಿಬರುವಷ್ಟು ವ್ಯವಧಾನ ನಮ್ಮ ಅಧಿಕಾರಿಗಳಿಗೆ ಬೇಡವೆ?